ಇಪ್ಪತ್ತೆಂಟರ ಮುದುಕ

ನಮ್ಮೂರ ಹೆಸರಿಗೆ ದೋಣಿ ಎಂದು ಅರ್ಥ, ಇಗಾ.
ವುಚ್. ತುಟಿ ಮುಂದೆ ಚಾಚಿ ಹೇಳಬೇಕು,
ಮಗುವಿಗೆ ಮುತ್ತಿಡುವ ಹಾಗೆ.
ಗಿರಣಿಗಳೆದ್ದವು, ಹೊಳೆಗಳು ನೆಲದಡಿ ಹೋದವು,
ದೋಣಿಯೊಂದು ಉಳಿಯಿತು, ಹೆಸರಿನಲ್ಲಿ.

ಅಮ್ಮ ಮಗ್ಗ ಬಿಟ್ಟು ಬರುವಾಗ
ಹುಬ್ಬಿನ ತುಂಬ ಹತ್ತಿಯ ದೂಳು.
ಬೀದಿಯ ತಿರುವಿನಲ್ಲಿ ಮುದುಕಿ,
ಮುಖ ತೊಳೆದು ಬಂದರೆ ಮೂವತ್ತರ ಹೆಂಗಸು.
ವಯಸ್ಸು ಒರೆಸಿದರೆ ಹೋಗುತ್ತದೆಂದು ಕಲಿತದ್ದು ಆಗ.
ಸುಳ್ಳು ಪಾಠ. ಹುಬ್ಬಿನಿಂದ ಹೋದ ದೂಳು
ಎದೆಗೂಡಿನಿಂದ ಹೋಗಲಿಲ್ಲ.

ಸ್ಟುಡಿಯೋ ಸೇರಿದ್ದು ಅರವತ್ತೆರಡರಲ್ಲಿ, ಇಸ್ತ್ರಿಯವಳಾಗಿ.
ಬಟ್ಟೆಯ ಕೋಣೆಗೂ ಬಣ್ಣದ ಕೋಣೆಗೂ ನಡುವೆ ಗೋಡೆ,
ಗೋಡೆಯಲ್ಲೊಂದು ಕಿಂಡಿ.
ಮೊದಲು ಅಂಗಿ ದಾಟಿಸಿದೆ, ಆಮೇಲೆ ಕೈ, ಆಮೇಲೆ ನನ್ನನ್ನೇ.

ಹೊಸ ಕೋಟನ್ನು ಹಳತು ಮಾಡುವುದು ಹುಡುಗಾಟವಲ್ಲ.
ಚೀಸು ತುರಿಯುವ ತುರಿಮಣೆಯಲ್ಲಿ ಮೊಣಕೈ ತೇಯಬೇಕು,
ಕಂಕುಳಿಗೆ ಚಹಾ, ಕಾಲರಿಗೆ ಮೇಣ,
ಜೇಬಿಗೆ ಎರಡು ಕಲ್ಲು ಹಾಕಿ ವಾರವಿಡೀ ತೂಗಬಿಡಬೇಕು.
ಬಡವನ ಜೇಬು ಖಾಲಿಯಿದ್ದೂ ಜೋತಿರುತ್ತದೆ,
ಕೈ ಇಟ್ಟೂ ಇಟ್ಟೂ.
ನೂರಾ ನಲವತ್ತು ಸಿಪಾಯಿಗಳಿಗೆ ಒಂದೇ ರಾತ್ರಿ ಕೆಸರು ಬಳಿದಿದ್ದೇನೆ.
ನಿಜವಾದ ಕೆಸರು ನಂಬಬೇಡ,
ಒಣಗಿ ಉದುರುತ್ತದೆ, ಯುದ್ಧ ಮುಗಿಯುವ ಮೊದಲೇ.
ಕಪ್ಪು ಬಿಳುಪಿನ ಕಾಲದ ರಕ್ತ ಅಂದರೆ ಕೋಕೋ, ಸಕ್ಕರೆ ಪಾಕ.
ಕಟ್ ಅಂದ ಕೂಡಲೇ ಹೆಣಗಳು ತುಟಿ ನೆಕ್ಕಿಕೊಳ್ಳುತ್ತಿದ್ದವು.
ಸಕ್ಕರೆಗೆ ಸಾಲು ನಿಲ್ಲುತ್ತಿದ್ದ ವರ್ಷಗಳವು.

ಲುಡ್ವಿಕ್ ಬಂದಾಗ ಅವನಿಗೆ ಇಪ್ಪತ್ತೆಂಟು.
ಕತೆಯಲ್ಲಿ ಎಪ್ಪತ್ತರ ಗಡಿಯಾರ ರಿಪೇರಿಯವನು.
ಬೆಳಗಿನ ಜಾವ ಮೂರಕ್ಕೆ ಶುರು:
ಎರಡು ಬೆರಳಲ್ಲಿ ಚರ್ಮ ಎಳೆದು ಹಿಡಿ,
ರಬ್ಬರಿನ ಹಾಲು ಸವರು, ಆರಿಸು, ಬಿಡು.
ಹಿಡಿದಿರುವ ತನಕ ಪ್ರಾಯ,
ಬಿಟ್ಟೊಡನೆ ಮುಪ್ಪು.
ಹಣೆಗೆ ಮೂರು ಗೆರೆ ಹಾಕಿದೆ, ಅವನ ಸತ್ತ ಹೆಂಡತಿಗಾಗಿ
(ಕತೆಯೊಳಗಿನವಳು; ಹೊರಗಿನವಳು ಗಟ್ಟಿಮುಟ್ಟಾಗಿದ್ದಳು).
ಅವನು ನನ್ನ ಕೈಕೆಳಗೆ ಗೊರಕೆ ಹೊಡೆದ, ಮೂವತ್ತೊಂದು ದಿನ.
ಕಿವಿಯ ಹಿಂದಿನ ಮಚ್ಚೆ ಯಾವ ಕ್ಯಾಮೆರಾಕ್ಕೂ ಕಾಣದು.
ನಾನು ಅದಕ್ಕೂ ಬಣ್ಣ ಹಚ್ಚುತ್ತಿದ್ದೆ.

ಕೋಟಿನ ಮೇಲಿನ ಗುಂಡಿ ಬಿಚ್ಚಿರಬೇಕು, ಪ್ರತಿ ದಿನ.
ಯಾಕೆಂದು ಕೇಳಿದ. ಹಿಂದಿನ ಶಾಟಿನಲ್ಲಿ ಹಾಗೇ ಇತ್ತು, ಅಂದೆ.

ಎಲ್ಲರೂ ಹೊಗಳಿದರು. ಪರದೆಯ ಮೇಲೆ ನನ್ನ ಹೆಸರು ಬಂತು,
ಒಂದಕ್ಷರ ತಪ್ಪಿ, ಜನ ಟೋಪಿ ಹುಡುಕುತ್ತಿದ್ದ ಹೊತ್ತಿಗೆ.
ಆಗ ನನಗೆ ಕಂಡದ್ದು ಒಂದೇ:
ಗಡಿಯಾರಕ್ಕೆ ಕೀಲಿ ಕೊಡುವ ಕೈಗಳು
ಹುಡುಗನ ಕೈಗಳು.
ಮುಖದಲ್ಲಿ ಮುಳುಗಿ ಕೈ ಮರೆತಿದ್ದೆ.
ಯಾರೂ ಹೇಳಲಿಲ್ಲ. ಇವತ್ತಿಗೂ ಯಾರೂ ಹೇಳಿಲ್ಲ.
ಆ ಚಿತ್ರದಲ್ಲಿ ನಾನು ಬೇರೇನನ್ನೂ ನೋಡಿಲ್ಲ.

ಹೋದ ಭಾನುವಾರ ಬಂದಿದ್ದ, ಗಸಗಸೆ ಕೇಕು ಹಿಡಿದು.
ಎಪ್ಪತ್ತು ತುಂಬಿತಂತೆ, ನಿಜವಾಗಿ.
ಕಿಟಕಿಯ ಪಕ್ಕ ಕೂರಿಸಿದೆ, ಬೆಳಕು ಎಡದಿಂದ ಬೀಳುವ ಹಾಗೆ.
ಹಣೆ ತಟ್ಟೆಯಂತೆ ನುಣುಪು!
ಯಾವುದನ್ನೂ ಮನಸ್ಸಿಗೆ ಹಚ್ಚಿಕೊಂಡವನಲ್ಲ, ಕಳ್ಳ.
ಗೆರೆಗಳೆಲ್ಲ ಬಾಯಿಯ ಒಂದೇ ಬದಿಗೆ ಹೋಗಿ ನಿಂತಿದ್ದವು,
ಸುಳ್ಳು ಹೇಳುವಾಗ ನಗುತ್ತಿದ್ದ ಬದಿಗೆ.
ನಾನು ಬರೆದ ಒಂದು ಗೆರೆಯೂ ಸರಿಯಿರಲಿಲ್ಲ.

ಆದರೆ ಕೈಗಳು, ಇಗಾ.
ಚುಕ್ಕೆ ಚುಕ್ಕೆ, ನರ ಎದ್ದು, ಬಟ್ಟಲು ಹಿಡಿದರೆ ನಡುಕ.
ಬಂದವು, ನಲವತ್ತೆರಡು ವರ್ಷ ತಡವಾಗಿ.

ಹೊರಡುವಾಗ ಗುಂಡಿ ಹಾಕಿಕೊಳ್ಳಲಾಗಲಿಲ್ಲ ಅವನಿಗೆ.
ನಾನೇ ಹಾಕಿದೆ, ಕತ್ತಿನವರೆಗೂ, ಹೊರಗೆ ಹಿಮವಿತ್ತು.
ಎರಡು ಹೆಜ್ಜೆ ಹಿಂದೆ ಸರಿದು ನೋಡಿದೆ,
ಮತ್ತೆ ಹತ್ತಿರ ಹೋಗಿ
ಮೇಲಿನದೊಂದನ್ನು ಬಿಚ್ಚಿದೆ.
ಅವನು ಯಾಕೆಂದು ಕೇಳಲಿಲ್ಲ.